ಮೇಲೆ ದೇಶಾವರಿ ನಗೆ, ಕೆಳಗೆ ಬೆರಳು

ನನಗೊಂದು ಕೆಟ್ಟ ಚಟವಿದೆ. ಬೀಡಿಯಲ್ಲ, ಇಸ್ಪೀಟಲ್ಲ, ಮಂಡಿಪೇಟೆಯ ದಲಾಲಿ ಅಂಗಡಿಯಲ್ಲಿ ಇಷ್ಟು ವರ್ಷ ಕೂತವನಿಗೆ ಅವೆರಡರಲ್ಲಿ ಒಂದಾದರೂ ಅಂಟಿಕೊಳ್ಳಬೇಕಿತ್ತು, ಯಾಕೋ ಅಂಟಲಿಲ್ಲ. ನನ್ನ ಚಟವೆಂದರೆ, ಯಾರಾದರೂ ಎದುರಿಗೆ ನಕ್ಕರೆ ಆ ನಗೆ ನಿಜದ್ದೋ ತೋರಿಕೆಯದೋ ಎಂದು ನೋಡುವುದು. ತೋರಿಕೆಯದಾದರೆ ಅದಕ್ಕೆ ತಕ್ಕ ಹೆಸರು ಹುಡುಕಿ ಮನಸ್ಸಿನಲ್ಲೇ ಚೀಟಿ ಅಂಟಿಸುವುದು. ಇದರಿಂದ ಯಾರಿಗೂ ತೊಂದರೆಯಿಲ್ಲ ಎಂದು ನಾನು ತಿಳಿದಿದ್ದೆ. ನನ್ನ ಹೆಂಡತಿ ಶಾಂತ ಹಾಗೆ ತಿಳಿದಿಲ್ಲ. "ನಿಮ್ಮ ಮುಂದೆ ನಗಾಕ ಹೆದ್ರಿಕೆ ಆಗತೈತ್ರಿ. ಸಂತೆಯೊಳಗೆ ಎತ್ತಿನ ಹಲ್ಲು ನೋಡ್ದಂಗೆ ನೋಡ್ತೀರಿ" ಎನ್ನುತ್ತಾಳೆ. ಮಾತು ನಿಜ. ಮದುವೆಯಾದ ಹೊಸದರಲ್ಲಿ ನಾನು ತಂದ ಹಸಿರು ಸೀರೆ ನೋಡಿ ಅವಳು ನಕ್ಕಾಗ, "ಇದು ಕಾಟಾಚಾರದ ನಗೆ" ಎಂದುಬಿಟ್ಟಿದ್ದೆ. ಅವಳು ಎರಡು ದಿನ ನಗಲೇ ಇಲ್ಲ. ಆ ಎರಡು ದಿನದ ಮುಖಕ್ಕೆ ಹೆಸರು ಹುಡುಕುವ ಕಷ್ಟ ನನಗೆ ಬರಲಿಲ್ಲ.

ಇಲ್ಲದ ಸಂತೋಷವನ್ನು ಮುಖದ ಮೇಲೆ ತಂದುಕೊಳ್ಳುವುದಕ್ಕೆ ನಮ್ಮ ದಾವಣಗೆರೆ ಪೇಟೆಯಲ್ಲಿ ಎಷ್ಟು ಮಾತುಗಳಿವೆಯೋ, ಇರುವ ಸಂತೋಷಕ್ಕೆ ಅಷ್ಟಿಲ್ಲ. ಎಲ್ಲಕ್ಕೂ ಹಿರಿಯದು ದೇಶಾವರಿ ನಗೆ. ದೂರದ ಊರುಗಳಿಗೆ ಹೋಗುವ ಸರಕನ್ನು ದೇಶಾವರಿ ಮಾಲು ಎನ್ನುತ್ತಾರೆ. ಯಾರು ಕೊಳ್ಳುತ್ತಾರೋ ಗೊತ್ತಿಲ್ಲ, ಎಲ್ಲರಿಗೂ ಆಗಲಿ ಎಂದು ಕಟ್ಟಿದ ಮಾಲು ಅದು. ಗುರುತಿಲ್ಲದ ಗಿರಾಕಿ ಅಂಗಡಿಗೆ ಕಾಲಿಟ್ಟ ಕೂಡಲೇ ಸಾಹುಕಾರರ ಮುಖದಲ್ಲಿ ಮೂಡುವ ನಗೆಯೂ ಅಂಥದೇ. "ಬರ್ರಿ, ಕೂಡ್ರಿ, ಊರ ಕಡೆ ಎಲ್ಲಾ ಆರಾಮಾ?" ಎಂದು ಕೇಳುವಾಗ ಅವರಿಗೆ ಆತನ ಊರು ಯಾವುದೆಂದೇ ಗೊತ್ತಿರುವುದಿಲ್ಲ. ಇನ್ನು ಬಾಯುಪಚಾರ; ಮನೆಗೆ ಬಂದವರು ಎದ್ದು ಚಪ್ಪಲಿ ಮೆಟ್ಟಿಕೊಂಡ ಮೇಲೆ "ಊಟ ಮಾಡ್ಕೊಂಡು ಹೋಗಬಹುದಿತ್ತು" ಎಂದು ಬಾಗಿಲು ಹಿಡಿದು ಹೇಳುವುದು. ಹಲ್ಲುಗಿಂಜುವುದು ಬೇರೆ. ಅದು ಯಾವಾಗಲೂ ಕೆಳಗಿನವನು ಮೇಲಿನವನಿಗೆ ಮಾಡುವಂಥದು. ತೂಕದ ಕಲ್ಲು ನೋಡಲು ಅಧಿಕಾರಿ ಬಂದ ದಿನ ನಮ್ಮ ಬೀದಿಯಲ್ಲಿ ಅದನ್ನು ಸಾಲಾಗಿ ನೋಡಬಹುದು. ಪಕ್ಕದ ಮನೆಯ ಹುಡುಗ ಪಾಸಾಗಿ ನಮ್ಮ ಹುಡುಗ ಫೇಲಾದಾಗ ಪೇಡಾ ಬಾಯಿಗೆ ಹಾಕಿಕೊಂಡು ನಗುವುದು ಕಾಟಾಚಾರದ ನಗೆ. ಹಮಾಲರು ಇವೆಲ್ಲಕ್ಕೂ ಸೇರಿಸಿ 'ಸ್ಯಾಂಪಲ್ ನಗೆ' ಎಂದು ಒಂದೇ ಹೆಸರು ಇಟ್ಟುಕೊಂಡಿದ್ದಾರೆ. ಚೀಲದ ಬಾಯಲ್ಲಿ ಒಳ್ಳೆಯ ಕಾಳು ಹರಡಿ ತೋರಿಸುವುದನ್ನು ದಿನವೂ ನೋಡುವ ಜನ ಅವರು. ನಮ್ಮ ಅಂಗಡಿಯ ಹಿರಿಯ ದಲಾಲಿ ಇಮಾಮ್ ಸಾಹೇಬರು ಮಾತ್ರ ಇಷ್ಟೆಲ್ಲ ಲೆಕ್ಕಕ್ಕೆ ಹೋಗುತ್ತಿರಲಿಲ್ಲ. "ಎಲ್ಲಾ ದಿಖಾವಾ, ಬರೇ ತೋರಿಕೆ, ಬೇಟಾ" ಎಂದು ಹೇಳಿ ಎಲೆ ಅಡಿಕೆ ಹಾಕಿಕೊಳ್ಳುತ್ತಿದ್ದರು.

ಈ ಚಟ ನನಗೆ ಹೇಗೆ ಬಂತು ಎಂದರೆ ನಮ್ಮ ಕಸುಬಿನಿಂದ ಬಂತು. ನಮ್ಮ ಕಡೆ ದಲಾಲಿಗಳು ಬಾಯಲ್ಲಿ ದರ ಹೇಳುವುದಿಲ್ಲ. ಕೊಳ್ಳುವವನೂ ಮಾರುವವನೂ ಕೈಗೆ ಕೈ ಕೊಟ್ಟು ಮೇಲೊಂದು ಟವೆಲ್ ಹಾಕಿಕೊಳ್ಳುತ್ತಾರೆ. ಮಾತೆಲ್ಲ ಆ ಟವೆಲಿನ ಕೆಳಗೆ ಬೆರಳಿನಲ್ಲೇ. ಸುತ್ತ ಹತ್ತು ಜನ ನಿಂತಿದ್ದರೂ ಯಾರಿಗೂ ತಿಳಿಯುವುದಿಲ್ಲ. ಕೆಳಗೆ ಬೆರಳುಗಳು ಜಗಳವಾಡುತ್ತಿರುತ್ತವೆ, ಮೇಲೆ ಇಬ್ಬರೂ ನಗುತ್ತ ಒಬ್ಬರನ್ನೊಬ್ಬರು ಮಕ್ಕಳ ಯೋಗಕ್ಷೇಮ ಕೇಳುತ್ತಿರುತ್ತಾರೆ. ಬೆರಳು ಹಿಡಿದರೆ ಎಣಿಕೆ, ಅಂಗೈ ತಟ್ಟಿದರೆ ಒಪ್ಪಿಗೆ, ಎದುರಿನವನ ಬೆರಳನ್ನು ಮಡಿಚಿ ಅವನ ಅಂಗೈಗೇ ಒತ್ತಿದರೆ 'ಒಲ್ಲೆ' ಎಂದರ್ಥ. ನಾನು ಅಂಗಡಿಗೆ ಸೇರಿದ ಮೊದಲ ದಿನವೇ ಇಮಾಮ್ ಸಾಹೇಬರು ಹೇಳಿದ್ದರು: "ಮುಖ ಅಂದ್ರೆ ಅಂಗಡಿ ಬೋರ್ಡು. ಅದನ್ನ ಓದ್ಕೊಂಡು ಕೂತ್ರೆ ಕೆಟ್ಟೆ. ಮಾಲು ಇರೋದು ಕೈಯಾಗೆ, ಕೈ ಓದು."

ಅವರು ಹೇಳುವ ಮೊದಲೇ ನನಗೆ ಅದು ಬರುತ್ತಿತ್ತು. ನಮ್ಮಪ್ಪನೂ ಅದೇ ಅಂಗಡಿಯ ದಲಾಲಿ. ಸಂಜೆ ಮನೆಗೆ ಬಂದು ಕೈಕಾಲು ತೊಳೆದ ಮೇಲೆ ನನ್ನನ್ನೂ ನನ್ನ ಅಕ್ಕ ಗಿರಿಜೆಯನ್ನೂ ಎದುರುಬದುರು ಕೂರಿಸಿ, ಅದೇ ಟವೆಲ್ ಹಾಕಿ ಬೆರಳಿನ ಭಾಷೆ ಕಲಿಸುತ್ತಿದ್ದ. ಅಕ್ಕ ನನಗಿಂತ ನಾಲ್ಕು ವರ್ಷಕ್ಕೆ ದೊಡ್ಡವಳು, ನನಗಿಂತ ಬೇಗ ಕಲಿತಳು. ಅವಳು ದಲಾಲಿ ಆಗಿದ್ದರೆ ಮಂಡಿಪೇಟೆಯ ಅರ್ಧ ಜನ ಕಸುಬು ಬಿಟ್ಟು ಮನೆಗೆ ಹೋಗುತ್ತಿದ್ದರು ಎಂದು ಅಪ್ಪ ಹೇಳುತ್ತಿದ್ದ. ನಾವು ಆ ಭಾಷೆಯನ್ನು ಕಾಳುಕಡ್ಡಿಗೆ ಬಳಸಲಿಲ್ಲ, ನೆಂಟರಿಗೆ ಬಳಸಿದೆವು. ಕೊಕ್ಕನೂರಿನಿಂದ ನಮ್ಮ ಸೋದರತ್ತೆ ಬರುವಾಗ ತಂಬಿಟ್ಟು ತರುತ್ತಿದ್ದಳು. ಆ ತಂಬಿಟ್ಟನ್ನು ಕಡಿಯಲು ಹಲ್ಲಿನ ಜೊತೆಗೆ ಧೈರ್ಯವೂ ಬೇಕಿತ್ತು. ಅಕ್ಕ ಒಂದು ಚೂರು ಬಾಯಿಗಿಟ್ಟು, "ಭಾಳ ರುಚಿ ಐತೆ ಅತ್ತೆ" ಎಂದು ಬಾಯ್ತುಂಬ ನಗುವಳು. ಅದೇ ಹೊತ್ತಿಗೆ ಲಂಗದ ಮರೆಯಲ್ಲಿ ನನ್ನ ಬೆರಳು ಮಡಿಚಿ ಒತ್ತುವಳು, ಒಲ್ಲೆ ಎಂದು. ನನಗೆ ನಗು ತಡೆಯದೆ ನೆತ್ತಿಗೇರುತ್ತಿತ್ತು. ಅತ್ತೆ ಅದರಿಂದ ಇನ್ನೂ ಹಿಗ್ಗಿ, ಮುಂದಿನ ಸಲ ಎರಡರಷ್ಟು ಕಟ್ಟಿಕೊಂಡು ಬರುತ್ತಿದ್ದಳು. ತೋರಿಕೆಗೆ ನಕ್ಕರೆ ಒಲ್ಲದ್ದೇ ಎರಡರಷ್ಟು ಬರುತ್ತದೆ ಎಂದು ಆಗಲೇ ನಮಗೆ ತಿಳಿಯಬೇಕಿತ್ತು.

ಅಕ್ಕನ ನಿಜವಾದ ನಗೆಗೆ ಒಂದು ಗುರುತಿತ್ತು. ಅವಳಿಗೆ ಮನಸಾರೆ ನಗು ಬಂದರೆ ಪಕ್ಕದಲ್ಲಿದ್ದವರ ಬೆನ್ನಿಗೆ ಗುದ್ದುತ್ತಿದ್ದಳು. ತಡೆದುಕೊಳ್ಳಲು ಅವಳಿಗೆ ಆಗುತ್ತಿರಲಿಲ್ಲ. ಪಕ್ಕದಲ್ಲಿ ಹೆಚ್ಚಾಗಿ ನಾನೇ ಇರುತ್ತಿದ್ದುದರಿಂದ ನನ್ನ ಬಾಲ್ಯವೆಲ್ಲ ಗುದ್ದು ತಿನ್ನುವುದರಲ್ಲೇ ಕಳೆಯಿತು. "ಹುಡುಗನ ಬೆನ್ನು ಮುರೀತೀಯೇನೇ" ಎಂದು ಅವ್ವ ಗದರಿಸುವಳು. ಬೆನ್ನೇನೂ ಮುರಿಯಲಿಲ್ಲ.

ನನಗೆ ಇಪ್ಪತ್ತೊಂದು ತುಂಬುವ ಮೊದಲೇ ಅಪ್ಪ ತೀರಿಕೊಂಡ. ಅವನ ಜಾಗದಲ್ಲಿ ನಾನು ಅಂಗಡಿಗೆ ಹೋದೆ. ಅಕ್ಕನಿಗೆ ಇನ್ನೂ ಮದುವೆಯಾಗಿರಲಿಲ್ಲ. ಬಂದ ಗಂಡುಗಳು ಒಂದಲ್ಲ ಒಂದು ನೆವದಿಂದ ತಪ್ಪಿಹೋಗಿದ್ದವು. ಅವಳಿಗೆ ಅದರ ಚಿಂತೆ ಇದ್ದಂತೆ ಕಾಣಲಿಲ್ಲ. ಶಾಲೆಯಲ್ಲಿ ಕಲಿಸುವ ಮಾಸ್ತರಿಕೆಯ ಟ್ರೈನಿಂಗಿಗೆ ಅರ್ಜಿ ತರಿಸಿ ಕನ್ನಡಿಯ ಹಿಂದೆ ಸಿಕ್ಕಿಸಿಟ್ಟಿದ್ದಳು. ಚಿಂತೆ ಇದ್ದದ್ದು ನನಗೆ. ನಾನು ಒಂದು ಮದುವೆಯ ಪಂಕ್ತಿಯಲ್ಲಿ ಪಾಯಸ ಬಡಿಸುತ್ತಿದ್ದ ಶಾಂತಳನ್ನು ನೋಡಿ, ಹೊಟ್ಟೆ ತುಂಬಿದ ಮೇಲೂ ಮೂರು ಸಲ ಪಾಯಸ ಹಾಕಿಸಿಕೊಂಡಿದ್ದೆ. ಅವರ ಮನೆಯವರಿಗೂ ಮನಸ್ಸಿತ್ತು. ಆದರೆ ಮನೆಯಲ್ಲಿ ಹಿರಿಯ ಹೆಣ್ಣುಮಗಳು ಕೂತಿರುವಾಗ ತಮ್ಮನಿಗೆ ಬಾಸಿಂಗ ಕಟ್ಟುವ ಪದ್ಧತಿ ನಮ್ಮಲ್ಲಿಲ್ಲ. "ಕಾರ್ತೀಕದ ತನಕ ಕಾಯ್ತೀವಿ, ಆಮೇಲೆ ಬ್ಯಾರೆ ಕಡೆ ನೋಡ್ತೀವಿ" ಎಂದು ಅವರು ಹೇಳಿ ಕಳಿಸಿದ್ದರು. ಆ ಕಾರ್ತೀಕಕ್ಕೆ ಎರಡು ತಿಂಗಳಿರುವಾಗ ಹರಿಹರದಿಂದ ಅಕ್ಕನಿಗೆ ಗಂಡು ಬಂತು.

ಗಂಡಿಗೆ ನಲವತ್ತರ ಹತ್ತಿರ. ಸ್ಟೇಷನ್ ಬಳಿ ಕಿರಾಣಿ ಅಂಗಡಿ. ಮೊದಲ ಹೆಂಡತಿ ತೀರಿಹೋಗಿ ನಾಲ್ಕು ವರ್ಷದ ಒಂದು ಹೆಣ್ಣು ಮಗು. ಮನುಷ್ಯ ಕೆಟ್ಟವರಲ್ಲ, ಇದನ್ನು ಈಗಲೂ ಹೇಳುತ್ತೇನೆ. ಮಾತು ಮಾತ್ರ ಕಮ್ಮಿ, ನಗೆ ಅದಕ್ಕಿಂತ ಕಮ್ಮಿ. ಚಾಪೆಯ ಮೇಲೆ ಒಂದು ಕಡೆ ಅವರ ಹಿರಿಯರು, ಒಂದು ಕಡೆ ನಾವು. ಅಪ್ಪನ ಗೆಳೆಯರೆಂದು ಇಮಾಮ್ ಸಾಹೇಬರೂ ಬಂದು ಕೂತಿದ್ದರು. ಮನೆಯ ಗಂಡಸೆಂದು ನಾನು ಅಕ್ಕನ ಪಕ್ಕದಲ್ಲಿ ಕೂತಿದ್ದೆ, ಮುಂದೆ, ಒಪ್ಪಿಗೆಯಾದರೆ ಹಂಚಲು, ಸಕ್ಕರೆ ತಟ್ಟೆ. ಉಪ್ಪಿಟ್ಟು ಮುಗಿದ ಮೇಲೆ ಆ ಕಡೆಯ ಯಜಮಾನರು, "ಏನವ್ವ, ಒಪ್ಪಿಗೆ ಐತೇನು?" ಎಂದು ಕೇಳಿದರು. ನಮ್ಮಲ್ಲಿ ಈ ಪ್ರಶ್ನೆಗೆ ಹುಡುಗಿ ಬಾಯಿಬಿಟ್ಟು ಉತ್ತರ ಕೊಡುವುದಿಲ್ಲ. ತಲೆ ತಗ್ಗಿಸಿ ನಕ್ಕರೆ ಒಪ್ಪಿದಂತೆ. ಅಕ್ಕ ತಲೆ ತಗ್ಗಿಸಿದಳು, ನಕ್ಕಳು. ಅದೇ ಹೊತ್ತಿಗೆ ಸೆರಗಿನ ಮರೆಯಲ್ಲಿ ನನ್ನ ಕೈ ಹುಡುಕಿ, ಬೆರಳು ನಾಲ್ಕನ್ನೂ ಮಡಿಚಿ ನನ್ನ ಅಂಗೈಗೆ ಒತ್ತಿದಳು. ಒಂದು ಸಲವಲ್ಲ, ಮೂರು ಸಲ. ಮೂರನೆಯ ಸಲ ಉಗುರು ನಟ್ಟಿತು.

ಯಜಮಾನರು ನನ್ನ ಕಡೆ ತಿರುಗಿ, "ನೀ ಏನಂತೀಯಪ್ಪ?" ಎಂದರು. ನಾನು ದೇಶಾವರಿ ನಗೆ ನಕ್ಕೆ. "ನಮ್ಮಕ್ಕಗ ಒಪ್ಪಿಗೆ ಐತ್ರಿ" ಎಂದೆ. ಕೈ ಬಿಡಿಸಿಕೊಂಡು ಸಕ್ಕರೆ ಹಂಚಿದೆ.

ಇದನ್ನು ಇಷ್ಟು ದಿನ ಯಾರಿಗೂ ಹೇಳಿರಲಿಲ್ಲ. ಮರುದಿನ ಅಂಗಡಿಯಲ್ಲಿ ಇಮಾಮ್ ಸಾಹೇಬರು ಎಲೆಗೆ ಸುಣ್ಣ ಹಚ್ಚುತ್ತ, "ಸೆರಗು ಅಲ್ಲಾಡ್ತಿತ್ತಲ್ಲ, ಹುಡುಗಿ ಕೈ ಏನಂತು?" ಎಂದು ಕೇಳಿದರು. ಕಸುಬಿನ ಕಣ್ಣು, ತಪ್ಪಿಸಿಕೊಳ್ಳಲು ಆಗುವುದಿಲ್ಲ. "ಒಪ್ಪಿಗೆ ಅಂತು" ಎಂದೆ. ಅವರು ನನ್ನ ಮುಖವನ್ನು ನೋಡಲಿಲ್ಲ, ಗಾದಿಯ ಮೇಲೆ ಮುಷ್ಟಿ ಕಟ್ಟಿದ್ದ ನನ್ನ ಕೈ ನೋಡಿದರು. "ಆತು ಬಿಡು" ಎಂದು ಎಲೆ ಬಾಯಿಗೆ ಹಾಕಿಕೊಂಡರು. ಅಕ್ಕನ ಮದುವೆಯ ತನಕ ನಾನು ಅವಳ ಜೊತೆ ಒಬ್ಬನೇ ಇರುವ ಸಂದರ್ಭವೇ ಬಾರದಂತೆ ನೋಡಿಕೊಂಡೆ. ಅಂಗಡಿಯಲ್ಲಿ ಇಲ್ಲದ ಕೆಲಸ ಹುಟ್ಟಿಸಿಕೊಂಡೆ. ಅವಳೂ ಏನೂ ಕೇಳಲಿಲ್ಲ. ಕನ್ನಡಿಯ ಹಿಂದಿನ ಅರ್ಜಿ ಯಾವಾಗ ಹೋಯಿತೋ ತಿಳಿಯದು. ಒಂದು ದಿನ ನೋಡಿದಾಗ ಇರಲಿಲ್ಲ. ಕಾರ್ತೀಕದಲ್ಲಿ ನನ್ನ ಮದುವೆಯಾಯಿತು. ಅಕ್ಕ ಹರಿಹರದಿಂದ ಆ ಮಗುವನ್ನು ಎತ್ತಿಕೊಂಡು ಬಂದು ಎಲ್ಲರಿಗಿಂತ ಹೆಚ್ಚು ನಕ್ಕಳು, ಎಲ್ಲರಿಂದ ದೂರ ನಿಂತು.

ದಾವಣಗೆರೆಯಿಂದ ಹರಿಹರಕ್ಕೆ ರೈಲು ಹತ್ತಿ ಜಾಗ ಹಿಡಿದು ಬೆವರು ಒರೆಸಿಕೊಳ್ಳುವುದರೊಳಗೆ ಇಳಿಯಬೇಕು. ಅಷ್ಟು ಹತ್ತಿರ. ಆದರೂ ನಾನು ಹಬ್ಬ ಹುಣ್ಣಿಮೆಗೆ ಮಾತ್ರ ಹೋಗುತ್ತಿದ್ದೆ. ಹೋದಾಗಲೆಲ್ಲ ಅಕ್ಕ ಬಾಗಿಲಲ್ಲಿ ನಗುತ್ತ, "ಬಾರಪ್ಪ ಸಿದ್ದ, ಕುಂದ್ರು" ಎನ್ನುವಳು. "ಹೆಂಗಿದೀಯಕ್ಕ?" ಎಂದರೆ "ಆರಾಮ ಅದೀನಿ, ನಂಗೇನಾಗೈತೆ" ಎನ್ನುವಳು. ಭಾವನವರು ಅಂಗಡಿಯಿಂದ ಬಂದು, ನನ್ನನ್ನು ನೋಡಿ ತಲೆಯಾಡಿಸಿ, ಉಂಡು ಹೋಗುವರು. ಹೊಳೆಯ ಕಡೆಯಿಂದ ಗಾಳಿ ಬರುವ ಆ ಪಡಸಾಲೆಯಲ್ಲಿ ನಾವಿಬ್ಬರೂ ಕೂತು ಅವರಿವರ ಸುದ್ದಿ ಆಡುವೆವು. ಊರಿನವರ ನಗೆಗೆಲ್ಲ ಹೆಸರಿಡುವ ನಾನು ಅಕ್ಕನ ಆ ನಗೆಗೆ ಮಾತ್ರ ಹೆಸರಿಡಲಿಲ್ಲ. ಗೊತ್ತಿರಲಿಲ್ಲ ಎಂದಲ್ಲ. ಹದಿನಾಲ್ಕು ವರ್ಷದಲ್ಲಿ ನನ್ನ ಬೆನ್ನಿಗೆ ಒಂದು ಗುದ್ದೂ ಬೀಳಲಿಲ್ಲ. ಅಷ್ಟಾದರೂ ವಾಪಸು ಬಂದ ಮೇಲೆ ಶಾಂತ "ಅಕ್ಕಾರು ಹೆಂಗದಾರ್ರಿ?" ಎಂದು ಕೇಳಿದರೆ, "ಆರಾಮ ಅದಾಳ, ನಗ್ತಾನೇ ಇದ್ಲು" ಎನ್ನುತ್ತಿದ್ದೆ. ಸುಳ್ಳು ಹೇಳಿದಂತಾಗುತ್ತಿರಲಿಲ್ಲ, ಅನುಕೂಲವಾಗುತ್ತಿತ್ತು.

ಮೊನ್ನೆ ಬೇಸಿಗೆಯಲ್ಲಿ ಅಕ್ಕ ಭಾವನವರಿಂದ ಬರೆಸದೆ ತಾನೇ ಕಾಗದ ಬರೆದಿದ್ದಳು. ಭಾವನವರ ಆ ಮಗು ಸಾವಿತ್ರಿಗೆ ಈಗ ಹದಿನೆಂಟು. ರಾಣೆಬೆನ್ನೂರಿನ ಕಡೆಯಿಂದ ನೋಡಲು ಬರುತ್ತಾರೆ, ಸೋದರಮಾವ ಅಂತ ನೀನು ಬಂದು ಕೂರಬೇಕು ಎಂದು. ಹೋದೆ. ಬೆಳಿಗ್ಗೆಯಿಂದಲೇ ಮುಖಕ್ಕೆ ನಗೆ ತೊಡಿಸಿಕೊಂಡು ಬಾಗಿಲಲ್ಲಿ ನಿಂತು "ಬರ್ರಿ, ಕೂಡ್ರಿ" ಮಾಡಿದೆ. ಅದರಲ್ಲಿ ನನ್ನನ್ನು ಮೀರಿಸುವವರಿಲ್ಲ. ಹುಡುಗ ನೋಡಲು ಚೆನ್ನಾಗಿದ್ದ, ಮನೆತನವೂ ಒಳ್ಳೆಯದೆಂದು ಕೇಳಿದ್ದೆವು. ಉಪ್ಪಿಟ್ಟು ಆಯಿತು. ಅವರ ಯಜಮಾನರು ಗಂಟಲು ಸರಿಮಾಡಿಕೊಂಡು, "ಏನವ್ವ, ಒಪ್ಪಿಗೆ ಐತೇನು?" ಎಂದರು. ಸಾವಿತ್ರಿ ತಲೆ ತಗ್ಗಿಸಿ ನಕ್ಕಳು. "ನಕ್ಕಳು ನೋಡ್ರಿ, ಒಪ್ಪಿದಂಗೆ. ಸಕ್ರೆ ಹಂಚ್ರಿ" ಎಂದರು. ಸಕ್ಕರೆ ತಟ್ಟೆ ಮತ್ತೆ ನನ್ನ ಮುಂದೆಯೇ ಇತ್ತು. ನಾನು ಕೈ ಹಾಕಿದೆ.

ಆಗ ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದ ಅಕ್ಕ ಕೈ ಒರೆಸಿಕೊಳ್ಳುತ್ತ ಬಂದಳು. ಗಂಡಸರ ನಡುವೆ ಚಾಪೆಯ ಮೇಲೆ, ನನಗೂ ಸಾವಿತ್ರಿಗೂ ಮಧ್ಯದಲ್ಲಿ, ನನ್ನನ್ನು ಸ್ವಲ್ಪ ಸರಿಸಿ ಕೂತಳು. ತನ್ನ ಕೈಯನ್ನು ಹುಡುಗಿಯ ಸೆರಗಿನ ಕೆಳಗೆ ಇಟ್ಟಳು. ಸೆರಗು ಸ್ವಲ್ಪ ಅಲ್ಲಾಡಿತು. ಆಮೇಲೆ ಅಕ್ಕ ತಲೆಯೆತ್ತಿ, ದನಿ ಏರಿಸದೆ, "ತಪ್ಪು ತಿಳ್ಕೋಬ್ಯಾಡ್ರಿ ಯಜಮಾನ್ರೇ. ಹುಡುಗಿ ಒಲ್ಲೆ ಅಂತಾಳ" ಎಂದಳು.

"ನಗ್ತಾಳಲ್ಲವ್ವ ಮತ್ತೆ?" ಎಂದರು ಅವರು, ತಬ್ಬಿಬ್ಬಾಗಿ.

"ನಗ್ತಾಳ್ರಿ. ಮನಿಗೆ ಬಂದೋರ ಮುಂದೆ ನಗಬೇಕು ಅಂತ ನಾನೇ ಕಲ್ಸೀನಿ."

ಯಜಮಾನರು ಭಾವನವರ ಕಡೆ ನೋಡಿದರು. ನಾನೂ ನೋಡಿದೆ, ಈಗ ಸಿಡಿಲು ಬೀಳುತ್ತದೆ ಎಂದುಕೊಂಡೆ. ಭಾವನವರು ಮಗಳ ಕಡೆ ನೋಡಿ, "ಆಕಿ ಒಲ್ಲೆ ಅಂದ್ರೆ ಆತು. ಚಾ ತಗೊಳ್ರಿ" ಎಂದರು. ಹದಿನಾಲ್ಕು ವರ್ಷದಲ್ಲಿ ಅವರು ಆಡಿದ್ದನ್ನು ನಾನು ಕೇಳಿದ ಅತಿ ಉದ್ದದ ಮಾತು ಅದು. ಅಂದಿನ ನಮ್ಮ ಮನೆಯ ಚಾಪೆಯ ಮೇಲೆ ನಾನು ನಿಜ ಹೇಳಿದ್ದರೆ ಈ ಮನುಷ್ಯ ಇದೇ ಮಾತು ಹೇಳಿ, ಚಾ ಕುಡಿದು, ರೈಲು ಹತ್ತಿ ಹೋಗಿರುತ್ತಿದ್ದರು ಎಂದು ನನಗೆ ಆಗ ಹೊಳೆಯಿತು. ಅಷ್ಟು ಸುಲಭವಿತ್ತು ಅದು.

ಬಂದವರು ಚಾ ಕುಡಿಯದೆ ಎದ್ದು ಹೋದರು. ಭಾವನವರು ಅಂಗಡಿಗೆ ಹೊರಟರು. ಒಲ್ಲೆ ಎಂದದ್ದು ಯಾಕೆ ಎಂದು ಸಾವಿತ್ರಿಯನ್ನು ಯಾರೂ ಕೇಳಲಿಲ್ಲ, ಅಕ್ಕನೂ ಕೇಳಲಿಲ್ಲ. ಅಡುಗೆಮನೆಯಲ್ಲಿ ಮೂವರೂ ಕೂತೆವು. "ಇವ್ಳಿಗೆ ಬೆರಳಿನ ಮಾತು ಯಾವಾಗ ಕಲಿಸ್ದೆ?" ಎಂದು ಕೇಳಿದೆ.

"ನಾ ಬಂದ ವರ್ಷನೇ. ಈ ಮನ್ಯಾಗ ಮಾತಾಡಾಕ ಇನ್ಯಾರಿದ್ರು?" ಎಂದಳು ಅಕ್ಕ, ಲೋಟ ಜೋಡಿಸುತ್ತ.

ನನಗೆ ತಡೆಯಲಾಗಲಿಲ್ಲ. ಹುಡುಗಿ ಎದುರಿಗಿದ್ದಾಳೆ ಎಂಬುದನ್ನೂ ನೋಡದೆ, "ಅಕ್ಕ, ಅವತ್ತು ನಂಗೆ ತಿಳಿದಿತ್ತು. ನಿನ್ನ ಕೈ ಏನಂತು ಅಂತ ತಿಳಿದಿತ್ತು" ಎಂದೆ.

"ಗೊತ್ತು."

"ಹೆಂಗೆ ಗೊತ್ತು?"

"ನಿನ್ನ ಮುಖ ನೋಡಿದ್ನಲ್ಲ. ಅಪ್ಪ ಹೋದ ಮ್ಯಾಲೆ ನೀ ಅಷ್ಟು ಚೆಂದಾಗಿ ನಕ್ಕಿದ್ದು ಅವತ್ತೇ" ಎಂದಳು. ದನಿಯಲ್ಲಿ ಸಿಟ್ಟಿರಲಿಲ್ಲ. ಇದ್ದಿದ್ದರೆ ಚೆನ್ನಾಗಿತ್ತು. ಕ್ಷಮಿಸು ಎಂಬ ಮಾತನ್ನು ಹೇಗೆ ಹೇಳುವುದು ಎಂದು ಯೋಚಿಸುತ್ತಿರುವಾಗ ಸಾವಿತ್ರಿ ಹೊರಗೆ ಇಣುಕಿ ನೋಡಿ, "ಅವ್ವ, ಆ ಅಜ್ಜ ಸಿಟ್ಟಿನ ಭರದಾಗ ಮಾವನ ಚಪ್ಪಲಿ ಮೆಟ್ಕೊಂಡು ಹೋಗ್ಯಾನ. ಅವಂದು ಇಲ್ಲೇ ಐತೆ, ಒಂದರ ಉಂಗುಷ್ಟ ಕಿತ್ತೈತೆ" ಎಂದಳು.

ಅಕ್ಕ ಕೈಯಲ್ಲಿದ್ದ ಲೋಟ ಕೆಳಗಿಟ್ಟಳು. ಆಮೇಲೆ ನಕ್ಕಳು. ಸೆರಗು ಬಾಯಿಗೆ ಒತ್ತಿಕೊಂಡರೂ ನಿಲ್ಲಲಿಲ್ಲ, ಕಣ್ಣಲ್ಲಿ ನೀರು ಬಂತು. ಹುಡುಗಿಯೂ ಅವಳ ಮೇಲೆ ಬಿದ್ದು ನಕ್ಕಳು. ನನ್ನ ಅಕ್ಕ ಹಾಗೆ ನಗುವುದನ್ನು ನೋಡಿ ಎಷ್ಟು ಕಾಲವಾಗಿತ್ತೋ. ನಾನು ಅವಳ ಇನ್ನೊಂದು ಪಕ್ಕದಲ್ಲೇ ಕೂತಿದ್ದೆ. ಗೊತ್ತಿಲ್ಲದಂತೆ ಸ್ವಲ್ಪ ಮುಂದಕ್ಕೆ ಬಾಗಿ ಬೆನ್ನು ಒಡ್ಡಿಕೊಂಡೆ. ಗುದ್ದು ಬಿತ್ತು. ಸಾವಿತ್ರಿಯ ಬೆನ್ನಿಗೆ ಬಿತ್ತು, ಒಂದಲ್ಲ, ನಾಲ್ಕು. ಹುಡುಗಿ ಅಭ್ಯಾಸವಿದ್ದವಳಂತೆ ತಪ್ಪಿಸಿಕೊಳ್ಳಲೂ ನೋಡಲಿಲ್ಲ. ಆ ಮನೆಯಲ್ಲಿ ಗುದ್ದು ಬೀಳುತ್ತಲೇ ಇತ್ತು, ನಾನು ಇಲ್ಲದಾಗ.

ಸುಮ್ಮನೆ ಕೂತರೆ ಚೆನ್ನಾಗಿರುವುದಿಲ್ಲವೆಂದು ನಾನೂ ಅವರ ಜೊತೆ ನಕ್ಕೆ. ಅಕ್ಕ ಕಣ್ಣೊರೆಸಿಕೊಂಡು ನನ್ನ ಕಡೆ ತಿರುಗಿ ನನ್ನ ಮುಖ ನೋಡಿದಳು.

"ಆ ನಗೆ ಅಂಗಡ್ಯಾಗ ಇಟ್ಟು ಬರಬೇಕಪ್ಪ ಸಿದ್ದ. ಚಾ ಆರತೈತೆ, ಕುಡಿ."

ಲೋಟ ಎತ್ತಿ ಒಂದು ಗುಟುಕು ಕುಡಿದೆ. ಮನೆಯಲ್ಲಿದ್ದ ಸಕ್ಕರೆಯೆಲ್ಲ ಪಡಸಾಲೆಯ ತಟ್ಟೆಯಲ್ಲೇ ಉಳಿದಿತ್ತು. ಚಾಕ್ಕೆ ಒಂದು ಚಮಚವೂ ಬಿದ್ದಿರಲಿಲ್ಲ.

"ಚಾ ಭಾಳ ಚೆನ್ನಾಗೈತೆ ಅಕ್ಕ" ಎಂದೆ.